ಮೊದಲ ಅಕ್ಷರವನ್ನು ನುಂಗಿಬಿಡಿ

ಅಪರೂಪದ ಇಂಗ್ಲಿಷ್ ಪದವೊಂದು ಪಿ-ಎಸ್, ಪಿ-ಟಿ, ಪಿ-ಎನ್ ಅಥವಾ ಎಂ-ಎನ್ ಜೋಡಿಯಿಂದ ಶುರುವಾದರೆ ಮೊದಲ ಅಕ್ಷರವನ್ನು ಬಿಟ್ಟು ಓದಿ. ಎಲೆಗಳ ನಡುವೆ ಗಾಳಿ ಸುಳಿಯುವ ಮರ್ಮರಕ್ಕೆ ಪಿ-ಎಸ್‌ನಿಂದ ಆರಂಭವಾಗುವ ಪದವಿದೆ, ಉಚ್ಚಾರ ‘ಸಿಥುರಿಸಂ’. ಈ ಜೋಡಿಗಳು ಗ್ರೀಕ್ ಮೂಲದವು. ಪದದ ಮೊದಲಲ್ಲಿ ಅವು ಇಂಗ್ಲಿಷರ ನಾಲಿಗೆಗೆ ಒಗ್ಗಲಿಲ್ಲ, ಬರವಣಿಗೆಯಲ್ಲಿ ಮಾತ್ರ ಉಳಿದವು. ಬರೆದದ್ದನ್ನೆಲ್ಲ ಓದುವ ನಮಗೆ ಅದೇ ತೊಡಕು. ಹಿಮಪ್ರದೇಶದ ‘ಟಾರ್ಮಿಗನ್’ ಹಕ್ಕಿಯ ಕಥೆ ಇನ್ನೂ ತಮಾಷೆ: ಹೆಸರು ಸ್ಕಾಟ್ಲೆಂಡಿನ ಗೇಲಿಕ್ ಭಾಷೆಯದು, ಗ್ರೀಕ್ ಇರಬೇಕೆಂದು ತಪ್ಪು ತಿಳಿದು ಮುಂದೆ ಪಿ ಅಂಟಿಸಿದರು! ಜೋಡಿ ಪದದ ನಡುವೆ ಬಂದರೆ ಈ ಉಪಾಯ ನಡೆಯದು: ಹೆಲಿಕಾಪ್ಟರ್, ಅಮ್ನೀಷಿಯಾ ಪದಗಳಲ್ಲಿ ಎರಡೂ ಅಕ್ಷರಗಳು ಕೇಳಿಸುತ್ತವೆ. ಗುಟ್ಟಾಗಿ ಕರೆಯುವ ‘ಪ್ಸ್ಟ್’ ಕೂಡ ಇದಕ್ಕೆ ಹೊರತು.