ಮುಚ್ಚಳ ತೆಗೆಯುವ ಮೊದಲೇ ಬಾಯಿ ತೆಗೆಯಿರಿ

ಮೂರು ವರ್ಷದ ಹಿಂದೆ ನಮ್ಮ ಅಪಾರ್ಟ್‌ಮೆಂಟಿನ ಪಿಟ್, ಅಂದರೆ ಶೌಚದ ಕೊಳಚೆ ಗುಂಡಿ, ಕಟ್ಟಿಕೊಂಡಿತ್ತು. ಬೆಳಿಗ್ಗೆ ಒಬ್ಬ ಹುಡುಗ ಬಂದ. ಅಂಗಿ ಕಳಚಿ ಕಾಂಪೌಂಡ್ ಮೇಲೆ ಮಡಚಿಟ್ಟ. ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ಇಳಿದ. ನಾನು ಬಾಲ್ಕನಿಯಲ್ಲಿ ಕಾಫಿ ಹಿಡಿದು ನಿಂತಿದ್ದೆ. ಎದುರು ಬಾಲ್ಕನಿಯಲ್ಲಿ ಇನ್ನಿಬ್ಬರು. ಯಾರೂ ತುಟಿ ಬಿಚ್ಚಲಿಲ್ಲ. ಪುಣ್ಯಕ್ಕೆ ಅವನು ಮೇಲೆ ಬಂದ. ಅಷ್ಟರಲ್ಲಿ ನಾನು ವಾಸನೆ ಅಂತ ಕಿಟಕಿ ಹಾಕಿಕೊಂಡಾಗಿತ್ತು.

ಮುಚ್ಚಳ ತೆಗೆದ ಮೇಲೆ ಯಾರೂ ನಿಮ್ಮ ಮಾತು ಕೇಳುವುದಿಲ್ಲ. ಎಲ್ಲರಿಗೂ ಆಫೀಸಿಗೆ ಹೊತ್ತಾಗಿರುತ್ತದೆ. ಹಾಗಾಗಿ ವಾಟ್ಸಾಪ್ ಗ್ರೂಪಿನಲ್ಲಿ ‘ನಾಳೆ ಪಿಟ್ ಕ್ಲೀನಿಂಗ್’ ಅಂತ ಬಂದ ಕೂಡಲೇ ಕೇಳಿ: ‘ಮಷಿನ್ ಬರುತ್ತಾ, ಆಳು ಇಳಿಯುತ್ತಾನಾ?’ ಅಷ್ಟೇ ಸಾಕು, ಭಾಷಣ ಬೇಡ.

ಆದರೆ ಅದಕ್ಕೂ ಮೊದಲು ಒಬ್ಬರಿಗೆ ಫೋನ್ ಮಾಡಿ. ನಾನು ಎರಡನೇ ಮಹಡಿಯ ರಿಟೈರ್ಡ್ ಟೀಚರಿಗೆ ಮಾಡಿದೆ. ನನ್ನ ಮೆಸೇಜಿನ ಕೆಳಗೆ ಅವರು ‘ನನಗೂ ಗೊತ್ತಾಗಬೇಕು’ ಅಂತ ಹಾಕಿದರು. ಅಲ್ಲಿಯವರೆಗೆ ಸುಮ್ಮನಿದ್ದವರಿಂದ ಹೆಬ್ಬೆರಳು ಬೀಳತೊಡಗಿದವು. ಒಬ್ಬರೇ ಕೇಳಿದರೆ ತಂಟೆ, ಇಬ್ಬರು ಕೇಳಿದರೆ ವಿಚಾರ, ಅಲ್ವಾ?

‘ಅವನೇ ಒಪ್ಪಿದ್ದಾನೆ, ನಿಮಗೇನು?’ ಅಂತ ಒಬ್ಬರಾದರೂ ಕೇಳುತ್ತಾರೆ. ಜಗಳಕ್ಕೆ ಹೋಗಬೇಡಿ. ಮಲ ಹೊರುವ ಪದ್ಧತಿಯನ್ನು ನಿಷೇಧಿಸುವ 2013ರ ಕಾಯ್ದೆ ಹೇಳಿ. ಸುರಕ್ಷತೆಯ ಸಲಕರಣೆ ಇಲ್ಲದೆ ಒಳಗೆ ಇಳಿಸಿದರೆ ಮೊದಲ ಸಲಕ್ಕೇ 2 ವರ್ಷದವರೆಗೆ ಜೈಲು, 2 ಲಕ್ಷದವರೆಗೆ ದಂಡ, ಅಥವಾ ಎರಡೂ. ನಮ್ಮಲ್ಲಿ ಕರುಣೆಗೆ ಕರಗದವರು ಜೈಲು ಅಂದ ಕೂಡಲೇ ಕರಗಿದರು.

‘ಕಡ್ಡಿ ಗೀರಿ ನೋಡಿದ್ದೀವಿ, ಗ್ಯಾಸ್ ಇಲ್ಲ’ ಅಂದರೆ ನಂಬಬೇಡಿ. ಒಳಗೆ ಮೀಥೇನ್ ಗ್ಯಾಸ್ ಇದ್ದರೆ ಹೊತ್ತಿಕೊಳ್ಳಲು ಆ ಕಡ್ಡಿಯೇ ಸಾಕು. ಇನ್ನೊಂದು ವಿಷದ ಗ್ಯಾಸ್, ಹೈಡ್ರೋಜನ್ ಸಲ್ಫೈಡ್. ಸ್ವಲ್ಪ ಇದ್ದಾಗ ಕೊಳೆತ ಮೊಟ್ಟೆ ನಾರಿದ ಹಾಗೆ ನಾರುತ್ತದೆ. ಜಾಸ್ತಿಯಾದರೆ ಮೂಗೇ ಸತ್ತುಹೋಗಿ ವಾಸನೆಯೇ ಗೊತ್ತಾಗುವುದಿಲ್ಲ. ಒಬ್ಬ ಕುಸಿದರೆ ಎತ್ತಲು ಇನ್ನೊಬ್ಬ ಇಳಿಯಬಾರದು, ಅವನೂ ಬೀಳುತ್ತಾನೆ. 112ಕ್ಕೆ ಫೋನ್ ಮಾಡಿ.

ಈ ಸಲ ನೀರಿನ ರಭಸದಿಂದ ಕ್ಲೀನ್ ಮಾಡುವ ಜೆಟ್ಟಿಂಗ್ ಲಾರಿ ಬಂತು. ಖರ್ಚು ಜಾಸ್ತಿ ಆಯಿತು, ಗೊಣಗಾಟವೂ ಆಯಿತು. ಪೈಪ್ ಹಿಡಿದವನು ಅದೇ ಹುಡುಗನಾ ಅಂತ ಕೆಳಗಿಳಿದು ನೋಡಿದೆ. ಗುರುತು ಹತ್ತಲಿಲ್ಲ. ಅವತ್ತು ನಾನು ಅವನ ಮುಖ ನೋಡಿರಲೇ ಇಲ್ಲ.