ಹೋಮ್ ಲೋನ್ ಕೊನೆಗೆ ಎಷ್ಟಕ್ಕೆ ಬೀಳುತ್ತೆ? ಸಹಿ ಹಾಕುವ ಮೊದಲು ಹಾಕಬೇಕಾದ ಲೆಕ್ಕ

ಮನೆ ಸಾಲಕ್ಕೆ ಹೊರಟವರು ಎಲ್ಲರೂ ಮೊದಲು ಕೇಳೋದು ಒಂದೇ ಪ್ರಶ್ನೆ: "ತಿಂಗಳಿಗೆ ಇಎಂಐ ಎಷ್ಟು ಬರುತ್ತೆ?" ಸಾಲ ಕೊಡುವವರಿಗೂ ಈ ಪ್ರಶ್ನೆ ಬಹಳ ಇಷ್ಟ. ಕಂತು ಜಾಸ್ತಿ ಆಯ್ತು ಅಂತ ನೀವು ಮುಖ ಸಣ್ಣ ಮಾಡಿದರೆ ಸಾಕು, ವರ್ಷ ಎಳೆದು ಕಂತು ಇಳಿಸಿ ತೋರಿಸುತ್ತಾರೆ, ನಿಮಗೂ ಸಮಾಧಾನ ಆಗುತ್ತೆ. ಆದರೆ ನಿಮ್ಮ ದುಡ್ಡು ಹೋಗೋದೇ ಆ ವರ್ಷಗಳಲ್ಲಿ. ಅದಕ್ಕೇ ಈ ಲೆಕ್ಕವನ್ನು ಕೂತು ಒಂದು ಸಲ ನೀವೇ ಹಾಕಿ ನೋಡಿ ಅಂತ ಹೇಳೋದು.

ಒಂದು ಉದಾಹರಣೆ ಹಿಡಿದುಕೊಳ್ಳೋಣ. 50 ಲಕ್ಷ ಸಾಲ, ಶೇ. 8.5 ಬಡ್ಡಿ, 20 ವರ್ಷ. ಕಂತು 43,391 ರೂಪಾಯಿ. ಇದನ್ನು 240 ತಿಂಗಳಿಗೆ ಗುಣಿಸಿದರೆ 1 ಕೋಟಿ 4 ಲಕ್ಷ ದಾಟುತ್ತೆ. ಅಂದರೆ ಬಡ್ಡಿಯೇ 54 ಲಕ್ಷ, ತಗೊಂಡ ಸಾಲಕ್ಕಿಂತ ಜಾಸ್ತಿ. ಇದೇ ಸಾಲ 30 ವರ್ಷಕ್ಕಾದರೆ ಕಂತು 38,446ಕ್ಕೆ ಇಳಿಯುತ್ತೆ. ತಿಂಗಳಿಗೆ ಸುಮಾರು ಐದು ಸಾವಿರ ಉಳೀತು ಅಂತ ಅನ್ನಿಸುತ್ತೆ, ಅಲ್ವಾ? ಆದರೆ ಬಡ್ಡಿ 88 ಲಕ್ಷಕ್ಕೆ ಹೋಗಿರುತ್ತೆ. 15 ವರ್ಷಕ್ಕೆ ತಗೊಂಡರೆ ಕಂತು 49,237, ಒಟ್ಟು ಬಡ್ಡಿ 38 ಲಕ್ಷ ಚಿಲ್ಲರೆ. 15ಕ್ಕೂ 30ಕ್ಕೂ ಕಂತಿನಲ್ಲಿ ವ್ಯತ್ಯಾಸ ಹನ್ನೊಂದು ಸಾವಿರವೂ ಇಲ್ಲ, ಬಡ್ಡಿಯಲ್ಲಿ ಸುಮಾರು 50 ಲಕ್ಷ.

ಹೀಗೆ ಯಾಕಾಗುತ್ತೆ ಅಂತ ತಿಳಿಯೋಕೆ ದೊಡ್ಡ ಗಣಿತ ಬೇಡ. ಮೊಬೈಲಿನಲ್ಲಿ ಗೂಗಲ್ ಶೀಟ್ಸ್ ತೆಗೀರಿ, ಇಲ್ಲಾಂದ್ರೆ ನೋಟ್‌ಬುಕ್ಕಿನಲ್ಲೇ ಬರೀರಿ. ಮೊದಲ ಸಾಲಿನಲ್ಲಿ ಬಾಕಿ ಅಸಲು 50,00,000. ಅದಕ್ಕೆ ಶೇ. 8.5ರಂತೆ ವರ್ಷದ ಬಡ್ಡಿ ತೆಗೆದು 12ರಿಂದ ಭಾಗಿಸಿ. 35,417 ಬರುತ್ತೆ, ಅದು ಮೊದಲ ತಿಂಗಳ ಬಡ್ಡಿ. ಕಂತು 43,391ರಲ್ಲಿ ಅದನ್ನು ಕಳೆದರೆ ಉಳಿಯೋದು 7,974. ಅಷ್ಟು ಮಾತ್ರ ಅಸಲಿಗೆ ಹೋಯ್ತು. ಈಗ ಬಾಕಿ 49,92,026. ಮುಂದಿನ ಸಾಲಿಗೆ ಇದನ್ನು ಇಳಿಸಿ ಮತ್ತೆ ಅದೇ ಲೆಕ್ಕ. ಶೀಟಿನಲ್ಲಾದರೆ ಒಂದು ಸಾಲಿಗೆ ಸೂತ್ರ ಬರೆದು ಕೆಳಗೆ 240 ಸಾಲು ಎಳೆದುಬಿಡಿ, ಐದು ನಿಮಿಷದ ಕೆಲಸ.

ಈಗ ಆ ಪಟ್ಟಿಯನ್ನು ಮೇಲಿಂದ ಕೆಳಗೆ ನಿಧಾನವಾಗಿ ಓದಿ. ಮೊದಲ ವರ್ಷ 5.2 ಲಕ್ಷ ಕಟ್ಟಿರುತ್ತೀರಿ, ಅಸಲು ಕಡಿಮೆ ಆಗಿರೋದು ಒಂದು ಲಕ್ಷವೂ ಇಲ್ಲ. ಐದು ವರ್ಷ ಆದಾಗ 26 ಲಕ್ಷ ಕಟ್ಟಿದ್ದೀರಿ, ಬಾಕಿ ಇನ್ನೂ 44 ಲಕ್ಷ. ಹತ್ತು ವರ್ಷಕ್ಕೆ ಅರ್ಧ ದಾರಿ ಬಂದೆವು ಅಂದುಕೊಳ್ಳುತ್ತೇವಲ್ಲ, ಆಗ ಕಟ್ಟಿದ್ದು 52 ಲಕ್ಷ, ಬಾಕಿ 35 ಲಕ್ಷ! ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಜಾಸ್ತಿ ಆಗೋದೇ ಹನ್ನೊಂದು ವರ್ಷ ಹತ್ತು ತಿಂಗಳು ಕಳೆದ ಮೇಲೆ. ಐದಾರು ವರ್ಷದಲ್ಲಿ ಈ ಫ್ಲ್ಯಾಟ್ ಮಾರಿ ದೊಡ್ಡದು ತಗೊಳ್ತೀವಿ ಅನ್ನುವವರು ಐದನೇ ವರ್ಷದ ಸಾಲನ್ನು ಎರಡು ಸಲ ನೋಡಿ.

ಇದರಲ್ಲಿ ಮೋಸ ಏನೂ ಇಲ್ಲ. ಬಾಕಿ ಎಷ್ಟಿದೆಯೋ ಅದರ ಮೇಲೆ ಬಡ್ಡಿ, ಅಷ್ಟೇ. ಶುರುವಿನಲ್ಲಿ ಬಾಕಿ ದೊಡ್ಡದು, ಆದ್ದರಿಂದ ಬಡ್ಡಿಯೂ ದೊಡ್ಡದು. ಆದರೆ ಇದು ಗೊತ್ತಿದ್ದವರು ಮೊದಲ ಐದು ವರ್ಷದಲ್ಲಿ ಬೇರೆ ಥರ ನಡೆದುಕೊಳ್ಳುತ್ತಾರೆ. ಅದಕ್ಕೆ ಆಮೇಲೆ ಬರುತ್ತೇನೆ.

ಬಡ್ಡಿ ಏರಿದಾಗ ಸದ್ದಿಲ್ಲದೆ ನಡೆಯೋದು

ಮೇಲಿನ ಲೆಕ್ಕದಲ್ಲಿ 20 ವರ್ಷವೂ ಬಡ್ಡಿ ಒಂದೇ ಅಂತ ಹಿಡಿದಿದ್ದೇವೆ. ನಿಜದಲ್ಲಿ ಹಾಗಿರೋದಿಲ್ಲ. 2019ರ ಅಕ್ಟೋಬರ್ 1ರಿಂದ ಬ್ಯಾಂಕ್‌ಗಳು ಕೊಡುವ ಹೊಸ ಫ್ಲೋಟಿಂಗ್ (ಬಡ್ಡಿ ಏರಿಳಿಯುವ) ಮನೆ ಸಾಲವನ್ನು ಹೊರಗಿನ ಯಾವುದಾದರೂ ದರಕ್ಕೆ ಜೋಡಿಸಲೇಬೇಕು. ಬಹುತೇಕ ಬ್ಯಾಂಕ್‌ಗಳು ರಿಸರ್ವ್ ಬ್ಯಾಂಕಿನ ರೆಪೊ ದರಕ್ಕೆ, ಅಂದರೆ ಅದು ಬ್ಯಾಂಕ್‌ಗಳಿಗೆ ಸಾಲ ಕೊಡುವ ಬಡ್ಡಿ ದರಕ್ಕೆ, ಜೋಡಿಸಿವೆ. ರೆಪೊ ಏರಿದರೆ ನಿಮ್ಮ ಬಡ್ಡಿಯೂ ಏರುತ್ತೆ. 2022ರ ಮೇ ತಿಂಗಳಲ್ಲಿ ಶೇ. 4 ಇದ್ದ ರೆಪೊ 2023ರ ಫೆಬ್ರವರಿ ಹೊತ್ತಿಗೆ ಶೇ. 6.5 ಆಗಿತ್ತು. 2025ರಲ್ಲಿ ಮತ್ತೆ ಇಳಿಯತೊಡಗಿತು.

ಆ ಹತ್ತು ತಿಂಗಳ ಏರಿಕೆ ಒಂದು ಸಾಲಕ್ಕೆ ಏನು ಮಾಡಬಲ್ಲದು ಅಂತ ನೋಡಿ. ಶೇ. 6.75ಕ್ಕೆ 50 ಲಕ್ಷ, 20 ವರ್ಷಕ್ಕೆ ಅಂದರೆ ಕಂತು 38,018. ಒಂದು ವರ್ಷ ಕಟ್ಟಿದ ಮೇಲೆ ಬಾಕಿ ಸುಮಾರು 48.78 ಲಕ್ಷ. ಈಗ ಬಡ್ಡಿ ಎರಡೂವರೆ ಏರಿ 9.25 ಆಯ್ತು ಅನ್ನಿ. ತಿಂಗಳ ಬಡ್ಡಿಯೇ 37,600ರ ಹತ್ತಿರ. ಕಂತು ಮೊದಲಿನಷ್ಟೇ ಇಟ್ಟರೆ ಅಸಲಿಗೆ ಹೋಗೋದು ನಾನೂರು ಚಿಲ್ಲರೆ ರೂಪಾಯಿ. ಅದೇ ಕಂತಿನಲ್ಲಿ ಸಾಲ ತೀರಬೇಕಾದರೆ ಇನ್ನು 48 ವರ್ಷಕ್ಕೂ ಜಾಸ್ತಿ ಬೇಕು. 19 ವರ್ಷ ಉಳಿದಿದ್ದ ಸಾಲ ಇದು!

ಆಗ ಎಷ್ಟೋ ಜನರಿಗೆ ಗೊತ್ತೇ ಆಗಲಿಲ್ಲ. ಖಾತೆಯಿಂದ ಹೋಗುವ ಮೊತ್ತ ಬದಲಾಗದಿದ್ದರೆ ಯಾರು ಸ್ಟೇಟ್‌ಮೆಂಟ್ ತೆಗೆದು ನೋಡುತ್ತಾರೆ ಹೇಳಿ. ಕೊನೆಗೆ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ಬಡ್ಡಿ ಬದಲಾದಾಗ ಕಂತು ಏರಿಸಬೇಕಾ, ಅವಧಿ ಹೆಚ್ಚಿಸಬೇಕಾ, ಎರಡೂ ಸ್ವಲ್ಪ ಸ್ವಲ್ಪ ಮಾಡಬೇಕಾ ಅಂತ ಆರಿಸಿಕೊಳ್ಳೋಕೆ ಗ್ರಾಹಕರಿಗೆ ಅವಕಾಶ ಕೊಡಬೇಕು. ಇಲ್ಲಿವರೆಗೆ ಕಟ್ಟಿದ ಅಸಲೆಷ್ಟು, ಬಡ್ಡಿ ಎಷ್ಟು, ಇನ್ನೆಷ್ಟು ಕಂತು ಬಾಕಿ ಅಂತ ಮೂರು ತಿಂಗಳಿಗೊಮ್ಮೆ ಲೆಕ್ಕ ಕೊಡಬೇಕು. ಈ ಹಕ್ಕು ನಿಮ್ಮದು, ಬಳಸಿಕೊಳ್ಳಿ. ಆ ಲೆಕ್ಕ ಬಂದಾಗ ಮೊದಲು ನೋಡಬೇಕಾದ ಅಂಕಿ ಬಾಕಿ ಇರುವ ಕಂತುಗಳ ಸಂಖ್ಯೆ. ಅದು ಹೋದ ಸಲಕ್ಕಿಂತ ಮೂರು ಕಡಿಮೆ ಆಗಿರಬೇಕು. ಆಗಿಲ್ಲ, ಇಲ್ಲಾ ಏರಿದೆ ಅಂದರೆ ಬ್ರಾಂಚಿಗೆ ಹೋಗಿ, ಕಂತು ಏರಿಸಿ ಅಂತ ಬರೆದು ಕೊಡಿ. ಒಂದೆರಡು ಸಾವಿರ ಏರಿದರೆ ಈಗ ಕಷ್ಟ ಅನ್ನಿಸಬಹುದು, ಆದರೆ ನಿವೃತ್ತಿಯ ನಂತರವೂ ಕಂತು ಕಟ್ಟುವ ಕಷ್ಟಕ್ಕೆ ಅದು ಸಮ ಅಲ್ಲ.

ಇನ್ನೊಂದು ವಿಷಯ. ರೆಪೊ ಇಳಿದರೆ ನಿಮ್ಮ ಬಡ್ಡಿಯೂ ಇಳಿಯುತ್ತೆ, ಆದರೂ ಎಷ್ಟೋ ಸಲ ಹೊಸಬರಿಗೆ ಹಳಬರಿಗಿಂತ ಕಡಿಮೆ ದರ ಸಿಗುತ್ತೆ. ರೆಪೊ ಮೇಲೆ ಬ್ಯಾಂಕ್ ಸೇರಿಸುವ ಪಾಲು ನಿಮಗೆ ಬೇರೆ, ಅವರಿಗೆ ಬೇರೆ. ವರ್ಷಕ್ಕೊಮ್ಮೆ ನಿಮ್ಮ ಬ್ಯಾಂಕಿನ ಹೊಸ ದರ ನೋಡಿ, ಅರ್ಧ ಪರ್ಸೆಂಟ್ ವ್ಯತ್ಯಾಸ ಇದ್ದರೂ ಕೇಳಿ. 50 ಲಕ್ಷ, 20 ವರ್ಷಕ್ಕೆ ಶೇ. 9ಕ್ಕೂ 8.5ಕ್ಕೂ ತಿಂಗಳಿಗೆ 1,595 ರೂಪಾಯಿ ವ್ಯತ್ಯಾಸ, ಒಟ್ಟು 3.8 ಲಕ್ಷ. ದರ ಬದಲಿಸೋಕೆ ಒಂದು ಸಣ್ಣ ಶುಲ್ಕ ಕೇಳಬಹುದು, ಕೊಟ್ಟರೂ ಲಾಭವೇ. ಕೊಡೋದಿಲ್ಲ ಅಂದರೆ ಬೇರೆ ಬ್ಯಾಂಕಿಗೆ ಸಾಲ ವರ್ಗಾಯಿಸುವ ದಾರಿ ಇದ್ದೇ ಇದೆ. ಫೈನಾನ್ಸ್ ಕಂಪನಿಯಿಂದ ತಗೊಂಡವರು ಇನ್ನೂ ಹುಷಾರಾಗಿರಿ, ರೆಪೊ ನಿಯಮ ಅವರಿಗೆ ಅನ್ವಯ ಆಗಲ್ಲ. ತಮ್ಮದೇ ದರ ಇಟ್ಟುಕೊಂಡಿರುತ್ತಾರೆ, ಅದು ಇಳಿಯೋದು ನಿಧಾನ.

ಸಾಲದ ಪಟ್ಟಿಯಲ್ಲಿ ಕಾಣದ ಖರ್ಚು

65 ಲಕ್ಷದ ಫ್ಲ್ಯಾಟಿಗೆ 50 ಲಕ್ಷ ಸಾಲ ಅಂದುಕೊಳ್ಳಿ. 15 ಲಕ್ಷ ಕೈಯಿಂದ. ಅದು ಎಲ್ಲರಿಗೂ ಗೊತ್ತು. ಆಮೇಲೆ ನೋಂದಣಿ. ಕರ್ನಾಟಕದಲ್ಲಿ 45 ಲಕ್ಷಕ್ಕಿಂತ ಮೇಲಿನ ಆಸ್ತಿಗೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ ಮತ್ತು ಸರ್ಚಾರ್ಜ್. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1ರಿಂದ 2ಕ್ಕೆ ಏರಿತು. ನಗರದಲ್ಲಿ ಎಲ್ಲ ಸೇರಿ ಶೇ. 7.6, ಅಂದರೆ 4.94 ಲಕ್ಷ. ಇದಕ್ಕೆ ಸಾಲ ಸಿಗೋದಿಲ್ಲ. ಕಟ್ಟುತ್ತಿರುವ ಫ್ಲ್ಯಾಟಾದರೆ ಶೇ. 5 ಜಿಎಸ್‌ಟಿ ಬೇರೆ. ಆಮೇಲೆ ಪ್ರೊಸೆಸಿಂಗ್ ಫೀ, ವಕೀಲರ ಅಭಿಪ್ರಾಯ, ವ್ಯಾಲ್ಯುಯೇಷನ್, ಕಾಗದಪತ್ರ ಬ್ಯಾಂಕಿನಲ್ಲಿ ಒತ್ತೆ ಇಡುವ ಎಂಒಡಿಯ ಖರ್ಚು. ಇಷ್ಟಕ್ಕೆ ಕೈ ಖಾಲಿ ಆಗಿ, ವಾರ್ಡ್‌ರೋಬ್ ಮಾಡಿಸೋಕೆ ಪರ್ಸನಲ್ ಲೋನ್ ತಗೊಳ್ಳುವವರು ಎಷ್ಟೋ ಜನ. ಆ ಸಾಲದ ಬಡ್ಡಿ ಮನೆ ಸಾಲಕ್ಕಿಂತ ಎಷ್ಟೋ ಮೇಲೆ ಇರುತ್ತೆ. ಸ್ವಲ್ಪ ತಡೆಯಿರಿ, ವಾರ್ಡ್‌ರೋಬ್ ಎಲ್ಲಿಗೂ ಓಡಿಹೋಗಲ್ಲ.

ವಿಮೆ ಬಗ್ಗೆ ಸ್ವಲ್ಪ ಬಿಡಿಸಿ ಹೇಳಬೇಕು. ಸಾಲ ಮಂಜೂರಾಗುವ ಹೊತ್ತಿಗೆ ಒಂದೇ ಕಂತಿನ ವಿಮೆಯ ಫಾರ್ಮ್ ಮುಂದಿಡುತ್ತಾರೆ, "ಲೋನಿಗೇ ಸೇರಿಸ್ತೀವಿ ಸಾರ್, ಕೈಯಿಂದ ಏನೂ ಕೊಡೋದು ಬೇಡ" ಅಂತಾರೆ. ಒಂದೂವರೆ ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ ಅದಕ್ಕೂ 20 ವರ್ಷ ಬಡ್ಡಿ, ಕೊನೆಗೆ ಕಟ್ಟೋದು 3.12 ಲಕ್ಷ. ಸಾಲ ಇರುವವರಿಗೆ ಜೀವ ವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸಾಲ ಕೊಡುವವರ ಹತ್ತಿರವೇ ತಗೊಳ್ಳಬೇಕು ಅನ್ನುವ ಕಾನೂನು ಇಲ್ಲ. ಹೊರಗೆ ಟರ್ಮ್ ಪಾಲಿಸಿಯ ದರ ಕೇಳಿ, ಆಮೇಲೆ ಹೋಲಿಸಿ.

ಇದನ್ನೆಲ್ಲ ಒಂದೇ ಕಡೆ ನೋಡೋಕೆ ಈಗ ದಾರಿ ಇದೆ. 2024ರ ಅಕ್ಟೋಬರ್‌ನಿಂದ ಪ್ರತಿ ಮನೆ ಸಾಲಕ್ಕೂ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್ ಅನ್ನುವ ಕಾಗದ ಕೊಡಲೇಬೇಕು. ಅದರಲ್ಲಿ ಎಪಿಆರ್ ಅಂತ ಒಂದು ದರ ಇರುತ್ತೆ, ಬಡ್ಡಿಯ ಜೊತೆ ಶುಲ್ಕಗಳನ್ನೂ ಸೇರಿಸಿ ತೆಗೆದ ದರ ಅದು. ಎರಡು ಬ್ಯಾಂಕ್ ಹೋಲಿಸುವಾಗ ಜಾಹೀರಾತಿನ ಬಡ್ಡಿ ಬಿಟ್ಟು ಎಪಿಆರ್ ನೋಡಿ. ಆ ಕಾಗದದಲ್ಲಿ ಇಲ್ಲದ ಶುಲ್ಕವನ್ನು ನಿಮ್ಮ ಒಪ್ಪಿಗೆ ಇಲ್ಲದೆ ಹಾಕುವಂತಿಲ್ಲ.

ಕಟ್ಟುತ್ತಿರುವ ಫ್ಲ್ಯಾಟ್ ತಗೊಳ್ಳುವವರಿಗೆ ಪ್ರೀ-ಇಎಂಐ ಅನ್ನೋದು ಒಂದಿದೆ. ಬಿಲ್ಡರಿಗೆ ಹೋದ ಹಣಕ್ಕೆ ಬರೀ ಬಡ್ಡಿ ಕಟ್ಟುತ್ತಿರೋದು. 25 ಲಕ್ಷ ಹೋಗಿದ್ದರೆ ತಿಂಗಳಿಗೆ 17,708. ಎರಡು ವರ್ಷ ತಡವಾದರೆ 4.25 ಲಕ್ಷ ಹೋಯ್ತು, ಅಸಲು ಒಂದು ರೂಪಾಯಿಯೂ ಇಳಿದಿಲ್ಲ, ಜೊತೆಗೆ ಬಾಡಿಗೆಯೂ ನಡೀತಿದೆ. ಬೆಂಗಳೂರಿನಲ್ಲಿ ಬಿ ಖಾತಾ (ನಿಯಮದ ಪ್ರಕಾರ ಪೂರ್ತಿ ಸಕ್ರಮ ಅಲ್ಲದ) ಆಸ್ತಿ ಅಗ್ಗಕ್ಕೆ ಸಿಗುತ್ತೆ ಅಂತ ನೋಡುವವರೂ ಬಡ್ಡಿ ಕೇಳಿಕೊಳ್ಳಿ. ಹಲವು ಬ್ಯಾಂಕ್‌ಗಳು ಅದಕ್ಕೆ ಸಾಲವೇ ಕೊಡಲ್ಲ, ಕೊಡುವವರು ಜಾಸ್ತಿ ಬಡ್ಡಿ ಹಾಕುತ್ತಾರೆ. 8.5ರ ಬದಲು 10.5 ಅಂದರೆ ಇದೇ ಸಾಲಕ್ಕೆ 15 ಲಕ್ಷಕ್ಕೂ ಜಾಸ್ತಿ ಹೆಚ್ಚುವರಿ. ಅಗ್ಗ ಅಂದಿದ್ದು ಅಲ್ಲೇ ಕರಗಿಹೋಗಬಹುದು.

ತೆರಿಗೆ ಉಳಿಯುತ್ತೆ ಅನ್ನುವ ಮಾತು ಈಗ ಅಷ್ಟು ನಡೆಯಲ್ಲ. ಹಳೆ ಪದ್ಧತಿಯಲ್ಲಿ ವಾಸದ ಮನೆಗೆ ವರ್ಷಕ್ಕೆ 2 ಲಕ್ಷದವರೆಗೆ ಬಡ್ಡಿ ಕಳೆಯಬಹುದು, ಹೊಸ ಪದ್ಧತಿಯಲ್ಲಿ ಅದು ಇಲ್ಲ.

ಕಡಿಮೆ ಮಾಡೋದು ಹೇಗೆ

ಮೊದಲ ವರ್ಷಗಳಲ್ಲಿ ಅಸಲಿಗೆ ಹಾಕಿದ ದುಡ್ಡಿಗೆ ಬೆಲೆ ಜಾಸ್ತಿ. ನಮ್ಮ 50 ಲಕ್ಷದ ಸಾಲಕ್ಕೆ ಒಂದು ವರ್ಷದ ಕೊನೆಗೆ 1 ಲಕ್ಷ ಹೆಚ್ಚುವರಿ ಕಟ್ಟಿದರೆ ಹನ್ನೊಂದು ಕಂತು ಕಡಿಮೆ ಆಗುತ್ತೆ, ಬಡ್ಡಿಯಲ್ಲಿ ಸುಮಾರು 3.8 ಲಕ್ಷ ಉಳಿಯುತ್ತೆ. ಅದೇ 1 ಲಕ್ಷ ಹದಿನೈದು ವರ್ಷ ಆದಮೇಲೆ ಕಟ್ಟಿದರೆ ಉಳಿಯೋದು ಅರ್ಧ ಲಕ್ಷ. ಬೋನಸ್ಸೋ, ಊರಿನ ತೋಟದ ದುಡ್ಡೋ, ಚೀಟಿ ಎತ್ತಿದ ಹಣವೋ ಬಂದರೆ ಅದು ನೆನಪಿರಲಿ. ವರ್ಷಕ್ಕೆ ಒಂದು ಕಂತು ಜಾಸ್ತಿ ಕಟ್ಟಿದರೂ 20 ವರ್ಷದ ಸಾಲ 16 ವರ್ಷ 9 ತಿಂಗಳಿಗೆ ಮುಗಿಯುತ್ತೆ, ಸುಮಾರು 10 ಲಕ್ಷ ಉಳಿಯುತ್ತೆ. ಸಂಬಳ ಏರಿದ ಹಾಗೆ ಪ್ರತಿ ವರ್ಷ ಕಂತನ್ನು ಶೇ. 5ರಷ್ಟು ಏರಿಸುತ್ತಾ ಹೋಗೋದು ನನಗೆ ಎಲ್ಲಕ್ಕಿಂತ ಇಷ್ಟವಾದ ದಾರಿ. ಹನ್ನೆರಡು ವರ್ಷ ಮೂರು ತಿಂಗಳಿಗೆ ಸಾಲ ಮುಗಿಯುತ್ತೆ, 19 ಲಕ್ಷಕ್ಕೂ ಜಾಸ್ತಿ ಬಡ್ಡಿ ಉಳಿಯುತ್ತೆ. ಎರಡನೇ ವರ್ಷ ಏರೋದು ಎರಡು ಸಾವಿರ ಚಿಲ್ಲರೆ, ಅಷ್ಟೇ.

ಫ್ಲೋಟಿಂಗ್ ಬಡ್ಡಿಯ ಮನೆ ಸಾಲ ಮೊದಲೇ ತೀರಿಸಿದ್ದಕ್ಕೆ ದಂಡ ಹಾಕುವಂತಿಲ್ಲ, ಬ್ಯಾಂಕ್‌ಗಳಿಗೆ ರಿಸರ್ವ್ ಬ್ಯಾಂಕ್ ಇದನ್ನು 2012ರಲ್ಲೇ ಹೇಳಿದೆ. ಹೆಚ್ಚುವರಿ ಕಟ್ಟುವಾಗ "ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ" ಅಂತ ಬರವಣಿಗೆಯಲ್ಲಿ ಕೊಡಿ. ಸುಮ್ನೆ ಕಟ್ಟಿ ಬಂದರೆ ಕೆಲವರು ಅವಧಿ ಬಿಟ್ಟು ಕಂತು ಇಳಿಸಿಬಿಡುತ್ತಾರೆ, ಉಳಿತಾಯದಲ್ಲಿ ದೊಡ್ಡ ಪಾಲು ಹೋಗುತ್ತೆ.

ಆದರೆ ಇದ್ದಬದ್ದದ್ದನ್ನೆಲ್ಲ ಸಾಲಕ್ಕೆ ಸುರಿಯಬೇಡಿ. ಆರು ತಿಂಗಳ ಖರ್ಚು, ಕಂತೂ ಸೇರಿ, ಬೇರೆ ಇರಲಿ. ಕ್ರೆಡಿಟ್ ಕಾರ್ಡ್ ಬಾಕಿ ಇದ್ದರೆ ಮೊದಲು ಅದು. 20 ವರ್ಷದ ನಂತರದ ರೂಪಾಯಿಗೆ ಇವತ್ತಿನ ಬೆಲೆ ಇರಲ್ಲ ಅನ್ನೋದೂ ನಿಜ, ಹಾಗಾಗಿ 54 ಲಕ್ಷ ಬಡ್ಡಿ ಅಂದರೆ ಇವತ್ತಿನ 54 ಲಕ್ಷ ಅಂತ ಹೆದರಬೇಕಿಲ್ಲ. ಆದರೂ ಶೇ. 8.5ರ ಸಾಲ ತೀರಿಸೋದು ಶೇ. 8.5 ಖಚಿತವಾಗಿ ಗಳಿಸಿದ ಹಾಗೆ, ಅದಕ್ಕೆ ತೆರಿಗೆಯೂ ಇಲ್ಲ. ಎಫ್‌ಡಿಯಲ್ಲಿ ಕಡಿಮೆ ಬಡ್ಡಿಗೆ ದುಡ್ಡು ಮಲಗಿಸಿ, ಅದಕ್ಕೆ ತೆರಿಗೆಯನ್ನೂ ಕಟ್ಟಿ, ಇನ್ನೊಂದು ಕಡೆ 8.5 ಕೊಡೋದು ನನಗಂತೂ ಸರಿ ಕಾಣಲ್ಲ.

ಕೊನೆ ಕಂತು ಕಟ್ಟಿದ ಮೇಲೂ ಒಂದು ಕೆಲಸ ಇದೆ. 2023ರ ಡಿಸೆಂಬರ್‌ನಿಂದ ಇರುವ ನಿಯಮದ ಪ್ರಕಾರ ಮೂಲ ಕಾಗದಪತ್ರ 30 ದಿನದೊಳಗೆ ವಾಪಸ್ ಕೊಡಬೇಕು. ಅವರ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ನಿಮಗೆ ಸಲ್ಲಬೇಕು. ಸಾಲ ತೀರಿದ ಪತ್ರ ತಗೊಂಡು, ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಒತ್ತೆ ಬಿಡುಗಡೆ ಮಾಡಿಸಿ. ಆಮೇಲೆ ಒಂದು ಇ.ಸಿ. (ಆಸ್ತಿಯ ಋಣಭಾರ ಪತ್ರ) ತೆಗೆಸಿ, ಬಿಡುಗಡೆ ಅದರಲ್ಲಿ ಬಂದಿದೆಯಾ ನೋಡಿ, ಸಿಬಿಲ್ ವರದಿಯಲ್ಲೂ ಸಾಲ ಮುಗಿದಿದೆ ಅಂತ ತೋರಿಸುತ್ತಾ ಪರೀಕ್ಷಿಸಿ.