ಮೆತ್ತಿನ ಮೇಲಿನ ಕೋಣೆ, ಪಹಣಿ, ಮತ್ತೆ ನನ್ನ ನೋಟ್‌ಬುಕ್

ನಾನು ಸೈಕಿಯಾಟ್ರಿಕ್ ಸೋಶಿಯಲ್ ವರ್ಕರ್, ಅಂದ್ರೆ ಮಾನಸಿಕ ಕಾಯಿಲೆ ಇರೋರ ಮತ್ತೆ ಅವರ ಮನೆಯವರ ಜೊತೆ ಕೆಲಸ ಮಾಡೋ ಸಮಾಜ ಕಾರ್ಯಕರ್ತೆ. ಓಡಾಟ ಎಲ್ಲ ಶಿವಮೊಗ್ಗ ಜಿಲ್ಲೆಯಲ್ಲೇ, ಅದ್ರಲ್ಲೂ ತೀರ್ಥಹಳ್ಳಿ, ಹೊಸನಗರ, ಸಾಗರ ಕಡೆ ಜಾಸ್ತಿ. ಮನೆ ಭೇಟಿಗೆ ಹೋದಾಗೆಲ್ಲ ಇನ್ನೊಂದು ಕೆಲಸಾನೂ ಮಾಡ್ಕೊಂಡು ಬಂದೆ, ನಮ್ಮ ಕಡೆ ಹಿಂದೆ ತಲೆ ಸರಿ ಇಲ್ಲ ಅನ್ನಿಸ್ಕೊಂಡವರನ್ನ ಏನ್ ಮಾಡ್ತಿದ್ರು, ಎಲ್ಲಿ ಇಡ್ತಿದ್ರು, ಅದನ್ನ ತೀರ್ಮಾನ ಮಾಡ್ತಿದ್ದವರು ಯಾರು ಅಂತ ಹಳಬರ ಹತ್ರ ಕೇಳಿ ಬರ್ಕೊಳ್ಳೋದು. ಇದನ್ನ ಹೇಗೆ ಮಾಡಿದ್ರಿ ಮೇಡಂ ಅಂತ ಎಂಎಸ್‌ಡಬ್ಲ್ಯು (ಸಮಾಜ ಕಾರ್ಯದ ಎಂ.ಎ. ಥರದ ಕೋರ್ಸು) ಓದೋ ಹುಡುಗ್ರು ಕೇಳ್ತಾನೇ ಇರ್ತಾರೆ, ಪ್ರತಿಯೊಬ್ಬರಿಗೂ ಫೋನಲ್ಲಿ ಹೇಳಿ ಸಾಕಾಗಿದೆ, ಅದಕ್ಕೆ ಇಲ್ಲಿ ಒಂದೇ ಸಲ ಬರೆದುಬಿಡ್ತೀನಿ.

ಶುರು ಆಗಿದ್ದು ಕ್ಯಾಲಿಫೋರ್ನಿಯಾದಿಂದ ಅಂದ್ರೆ ನಗ್ತೀರೇನೋ. ಓದೋ ಟೈಮಲ್ಲಿ ಅಮೆರಿಕದ ಆ ಕರಾವಳಿ ರಾಜ್ಯದ ಹುಚ್ಚಾಸ್ಪತ್ರೆಗಳ ಚರಿತ್ರೆ ಓದಿದ್ದೆ. ಚಿನ್ನ ಹುಡುಕ್ಕೊಂಡು ದೇಶದೇಶದಿಂದ ಜನ ನುಗ್ಗಿದ ಮೇಲೆ, 1850ರ ದಶಕದ ಶುರುವಲ್ಲೇ, ಸ್ಟಾಕ್ಟನ್ ಅನ್ನೋ ಊರಲ್ಲಿ ಸರ್ಕಾರಿ ಆಸ್ಪತ್ರೆ ಮಾಡಿದ್ರು. ಆಮೇಲೆ ಒಂದಾದ ಮೇಲೆ ಒಂದು. 1909ರಲ್ಲಿ ಅಲ್ಲಿ ಕಾನೂನೇ ಬಂತು, ಇಂಥ ಸಂಸ್ಥೆಗಳಲ್ಲಿ ಇರೋರಿಗೆ ಮಕ್ಕಳಾಗದ ಹಾಗೆ ಆಪರೇಷನ್ ಮಾಡಬಹುದು ಅಂತ, ಸುಮಾರು 20,000 ಜನಕ್ಕೆ ಮಾಡಿದಾರೆ, ಆ ಕಾನೂನು ತೆಗೆದಿದ್ದು 1979ರಲ್ಲಿ. 1967ರಲ್ಲಿ ಇನ್ನೊಂದು ಕಾನೂನು ಮಾಡಿ, ಯಾರನ್ನಾದ್ರೂ ಒಪ್ಪಿಗೆ ಇಲ್ಲದೆ ಹಿಡಿದಿಡೋದಾದ್ರೆ ಮೊದಲಿಗೆ 72 ಗಂಟೆ ಅಷ್ಟೇ, ಅದರ ಮೇಲೆ ಬೇಕಂದ್ರೆ ಕಾರಣ ತೋರಿಸಬೇಕು ಅಂತ ಮಾಡಿದ್ರು. ಅಲ್ಲಿನ ಚರಿತ್ರೆ ಬರೆಯೋರಿಗೆ ಒಂದು ಅನುಕೂಲ ಏನಂದ್ರೆ ಎಲ್ಲದಕ್ಕೂ ಕಾಗದ ಇದೆ. ಕೋರ್ಟಿಗೆ ಅರ್ಜಿ ಹಾಕಿದ್ದು ಯಾರು, ಏನು ದೂರು, ಡಾಕ್ಟ್ರು ಏನಂದ್ರು, ಎಲ್ಲ ಫೈಲಲ್ಲಿ ಕೂತಿದೆ.

ನಮ್ದೂ ಕರಾವಳಿ ಇರೋ ರಾಜ್ಯಾನೇ, ನಾವೂ ಹಂಗೇ ಮಾಡೋಣ ಅಂತ ಹೊರಟ್ರೆ ಮಲೆನಾಡಲ್ಲಿ ಕಾಗದವೇ ಸಿಗಲ್ಲ. ಯಾಕಂದ್ರೆ ಆಸ್ಪತ್ರೆಗೆ ಹೋದವರು ಎಷ್ಟು ಜನ? 1956ಕ್ಕೆ ಮುಂಚೆ ನಾವು ಮೂರು ಸರ್ಕಾರದ ಅಂಚಲ್ಲಿ ಇದ್ದವರು. ಶಿವಮೊಗ್ಗ ಮೈಸೂರು ಸಂಸ್ಥಾನ, ಇಲ್ಲಿಯವರಿಗೆ ಬೆಂಗಳೂರಿನ ಆಸ್ಪತ್ರೆ, ಅದೇ ಮುಂದೆ 1954ರಲ್ಲಿ ಅಖಿಲ ಭಾರತ ಸಂಸ್ಥೆ ಸೇರ್ಕೊಂಡು 1974ರಲ್ಲಿ ನಿಮ್ಹಾನ್ಸ್ ಆಗಿದ್ದು. ಉತ್ತರ ಕನ್ನಡ ಮುಂಬೈ ಕಡೆಗಿತ್ತು, ಅವರಿಗೆ ಧಾರವಾಡ. ದಕ್ಷಿಣ ಕನ್ನಡ ಮದ್ರಾಸ್ ಪ್ರಾಂತ್ಯ, ಅದೇ ಪ್ರಾಂತ್ಯದ ಕೋಳಿಕೋಡ್‌ನಲ್ಲಿ 1872ರಿಂದ ಒಂದು ಆಸ್ಪತ್ರೆ. ಆಗುಂಬೆ ಘಾಟಿ ಮೇಲೆ ಒಂದು ಸರ್ಕಾರ, ಕೆಳಗೆ ಇನ್ನೊಂದು. ಆದ್ರೆ ಹೊಸನಗರದ ಒಳಗಿನ ಹಳ್ಳಿಯಿಂದ ಆವಾಗಿನ ರೋಡಲ್ಲಿ ಕೂಗಾಡೋ ಮನುಷ್ಯನ್ನ ಬೆಂಗಳೂರಿಗೆ ಕರ್ಕೊಂಡು ಹೋಗೋರು ಯಾರು ಹೇಳಿ, ಆಸ್ತಿವಂತರು ಹೋಗಿರಬಹುದು ಅಷ್ಟೇ. ಹಂಗಾಗಿ ನಮ್ಮಲ್ಲಿ ಹಿಡಿದಿಟ್ಟಿದ್ದು ಸರ್ಕಾರ ಅಲ್ಲ, ಮನೆ. ಫೈಲ್ ಹುಡುಕೋ ಬದ್ಲು ಮನೆ ನೋಡೋಕೆ ಶುರು ಮಾಡಿದೆ.

ಹೇಗೆ ಅಂದ್ರೆ, ನಿಜವಾಗ್ಲೂ ಮನೆ ನಕ್ಷೆ ಬಿಡಿಸೋದು. ನೋಟ್‌ಬುಕ್ಕಲ್ಲಿ ಒಂದು ಮನೆಗೆ ಎದುರುಬದುರು ಎರಡು ಪುಟ, ಎಡಗಡೆ ನಕ್ಷೆ, ಬಲಗಡೆ ಮಾತು. ಜಗಲಿ, ನಡುಮನೆ, ಅಡಿಗೆಮನೆ, ಬಚ್ಚಲು, ಮೆತ್ತು (ಮೇಲಿನ ಮಹಡಿ), ಕೊಟ್ಟಿಗೆ, ಸೌದೆ ಇಡೋ ಜಾಗ. ಆಮೇಲೆ ಕೇಳೋದು, ಅವರು ಮಲಗ್ತಿದ್ದಿದ್ದು ಎಲ್ಲಿ? ಚಿಲಕ ಒಳಗಿತ್ತಾ ಹೊರಗಿತ್ತಾ? ಊಟ ಎಲ್ಲರ ಪಂಕ್ತಿಯಲ್ಲಾ, ಆಮೇಲಾ? ಬಡಿಸ್ತಿದ್ದವರು ಯಾರು? ಮದುವೆ ಮುಂಜಿಗೆ ನೆಂಟರು ಬಂದ್ರೆ ಅವತ್ತು ಎಲ್ಲಿರ್ತಿದ್ರು? ಕಾಯಿಲೆ ಏನಿತ್ತು ಅಂತ ಮೊದಲೇ ಕೇಳಿದ್ರೆ ಎಲ್ಲರೂ "ಎಂತ ಇಲ್ಲ, ಸ್ವಲ್ಪ ತಲೆಬಿಸಿ" ಅಂತ ಹೇಳಿ ಮುಗಿಸ್ತಾರೆ, ಊಟ ಎಲ್ಲಿ ಮಾಡ್ತಿದ್ರು ಅಂತ ಕೇಳಿದ್ರೆ ಅಜ್ಜಿಯಂದಿರು ಒಂದು ಗಂಟೆ ಮಾತಾಡ್ತಾರೆ. ಈ ಒಂದು ವಿಷಯ ಕಲಿತುಕೊಂಡ್ರೆ ಅರ್ಧ ಕೆಲಸ ಆದಂಗೆ.

ಜೊತೇಲಿ ಊರಿನ ಆಶಾ ಕಾರ್ಯಕರ್ತೆ ಅಕ್ಕನ್ನ ಕರ್ಕೊಂಡು ಹೋಗ್ತೀನಿ, ಅವರಿಲ್ದೆ ಅಂಗಳ ದಾಟೋಕಾಗಲ್ಲ, ನಾಯಿ ಬಿಡಲ್ಲ. ಆದ್ರೆ ಮಾತು ಶುರುವಾದ ಮೇಲೆ ಅವರು ಜಗಲೀಲಿ ಗಂಡಸರ ಹತ್ರ ರೇಷನ್ ಕಾರ್ಡು, ಬಿಪಿ ಮಾತ್ರೆ ಅಂತ ಮಾತಾಡ್ತಾ ಕೂರ್ತಾರೆ, ನಾನು ಒಳಗೆ. ಅವರೂ ಅದೇ ಊರಿನವರಲ್ವಾ, ಎದುರಿಗಿದ್ರೆ ಯಾರೂ ಬಾಯಿ ಬಿಡಲ್ಲ. ಅಡಿಕೆ ಕೊನೆ ಕೊಯ್ಲು ಟೈಮಲ್ಲಿ ಹೋಗಲೇಬೇಡಿ, ಅಡಿಕೆ ಸುಲಿಯೋದು ಬೇಯಿಸೋದು ನಡೀತಿರುತ್ತೆ, ಮಾತಾಡಿಸಿದ್ರೆ ಸಿಟ್ಟು ಬರುತ್ತೆ, ಬರಬೇಕಾದ್ದೇ. ಮಳೆಗಾಲದಲ್ಲಿ ಇಂಬಳ (ಜಿಗಣೆ) ಕಚ್ಚಿಸ್ಕೊಂಡು ಹೋದ್ರೆ ಮಾತ್ರ ಒಳ್ಳೆ ಮರ್ಯಾದೆ, ಕಾಫಿ, ಹಪ್ಪಳ, ಬೇಕಾದಷ್ಟು ಪುರುಸೊತ್ತು. ಮೊಬೈಲಲ್ಲಿ ರೆಕಾರ್ಡ್ ಮಾಡಲ್ಲ.

ಇಸವಿ ಯಾರಿಗೂ ನೆನಪಿರಲ್ಲ, ಅದಕ್ಕೆ ನನ್ನ ಹತ್ರ ಗುರುತಿನ ವರ್ಷಗಳು ಇವೆ. ಕ್ಯಾಸನೂರು ಕಾಡಲ್ಲಿ ಮಂಗ ಸತ್ತು ಮಂಗನ ಕಾಯಿಲೆ ಗೊತ್ತಾಗಿದ್ದು 1957, ಶರಾವತಿಗೆ ಕಟ್ಟಿದ ಲಿಂಗನಮಕ್ಕಿ ಅಣೆಕಟ್ಟು ಮುಗಿದಿದ್ದು 1964, ಉಳೋ ಜಮೀನು ನಮಗೇ ಸೇರಬೇಕು ಅಂತ ಗೇಣಿದಾರರು ಡಿಕ್ಲರೇಶನ್ ಹಾಕಿದ ಗಲಾಟೆ 1974ರ ಮೇಲೆ, ಆಮೇಲೆ ಎಮರ್ಜೆನ್ಸಿ. "ನೀರು ಬರೋಕೆ ಮುಂಚೆನಾ ಆಮೇಲಾ" ಅಂತ ಕೇಳಿದ್ರೆ ಸಾಗರದವರು ತಟ್ಟನೆ ಹೇಳ್ತಾರೆ. ಶರಾವತಿ ಮುಳುಗಡೆಯವರ ಹತ್ರ ಒಂದೇ ಥರದ ಮಾತು ಮತ್ತೆ ಮತ್ತೆ ಕೇಳಿದೀನಿ: ಹಳೇ ಊರಲ್ಲಿ ಅವನು ತಿರುಗ್ತಾ ಇದ್ದ, ಯಾವ ಮನೆಗೆ ಹೋದ್ರೂ ಗಂಜಿ ಹಾಕೋರು, ಕತ್ತಲಾದ್ರೆ ಯಾರಾದ್ರೂ ತಂದು ಬಿಡೋರು, ಎದ್ದು ಬೇರೆ ಕಡೆ ಬಂದ ಮೇಲೆ ಅಕ್ಕಪಕ್ಕದವರು ಯಾರು ಅಂತಲೇ ಗೊತ್ತಿಲ್ಲ, ಅದಕ್ಕೆ ಕೂಡಿಹಾಕಬೇಕಾಯ್ತು. ಹಳೇದೆಲ್ಲ ಚಿನ್ನ ಅಂತ ನಾನು ಹೇಳ್ತಿಲ್ಲ, ಹಳೇ ಊರಲ್ಲೂ ಕಲ್ಲು ಹೊಡೀತಿದ್ದ ಹುಡುಗ್ರು ಇದ್ರು, ಆದ್ರೆ ಅಣೆಕಟ್ಟಿನ ಲೆಕ್ಕದಲ್ಲಿ ಯಾವತ್ತೂ ಸೇರದ ನಷ್ಟ ಇದು.

ಹೆಂಗಸರ ಕತೆ ಬೇರೆ. ಒಬ್ಬರು ಅಜ್ಜಿ, ಎಂಬತ್ತೈದು ದಾಟಿದೆ, ಅವರ ಅತ್ತಿಗೆಗೆ ಬಾಣಂತಿ ಸನ್ನಿ ಆಗಿತ್ತಂತೆ. ಮಗು ನನ್ದಲ್ಲ ಅಂತ ಕೂಗೋದು, ನಿದ್ದೆ ಇಲ್ಲ, ಬಾವಿ ಕಡೆ ಓಡೋದು. ಮೆತ್ತಿನ ಮೇಲೆ ಕೂಡಿಹಾಕಿದ್ರು, ನಿಮಿತ್ತ (ಕಾರಣ ಏನು ಅಂತ ಕೇಳೋ ಪ್ರಶ್ನೆ) ಕೇಳಿಸಿದ್ರು, ಊರ ದೇವತೆ ಚೌಡಿಯ ಕಾಟ ಅಂತ ಬಂತು, ಹರಕೆ ಆಯ್ತು. ಮೂರ್ನಾಲ್ಕು ತಿಂಗಳಿಗೆ ಪೂರ್ತಿ ಸರಿಯಾದ್ರು. ಬಾಣಂತಿ ಸನ್ನಿ ಬಹಳಷ್ಟು ಜನಕ್ಕೆ ಹಾಗೆ ಇಳಿದು ಹೋಗೋದೇ, ಈಗಂತೂ ಔಷಧಿ ಕೊಟ್ರೆ ಇನ್ನೂ ಬೇಗ. ಆದ್ರೆ ಅಷ್ಟರಲ್ಲಿ ತವರಿಗೆ ಬಿಟ್ಟು ಬಂದಾಗಿತ್ತು, ಗಂಡನಿಗೆ ಇನ್ನೊಂದು ಮದುವೆ ಆಗಿತ್ತು, ಮಗು ಇಲ್ಲೇ ಉಳೀತು. ನಾನು ಇಸವಿ ತಾಳೆ ಹಾಕಿ ನೋಡಿದೆ, 1955ರ ಹಿಂದೂ ವಿವಾಹ ಕಾಯ್ದೆಗೆ ಮುಂಚಿನ ಕತೆ. ಮುಂಬೈ ಪ್ರಾಂತ್ಯದಲ್ಲಿ 1946ಕ್ಕೇ, ಮದ್ರಾಸ್‌ನಲ್ಲಿ 1949ಕ್ಕೇ ಹಿಂದೂಗಳಿಗೆ ಎರಡನೇ ಮದುವೆ ನಿಲ್ಲಿಸಿ ಕಾಯ್ದೆ ಬಂದಿತ್ತು. ಅಂದ್ರೆ ಇದೇ ಹೆಂಗಸು ಘಟ್ಟದ ಕೆಳಗೆ ಹುಟ್ಟಿದ್ರೆ ಆ ಗಂಡ ಮಾಡಿದ್ದು ಅಪರಾಧ ಆಗ್ತಿತ್ತೇನೋ, ಮೇಲೆ ಇದ್ದಿದ್ದಕ್ಕೆ ಅದು ಬರೀ ಮನೆ ವ್ಯವಹಾರ. ಅಜ್ಜಿ ಅಂದಿದ್ದು ಇಷ್ಟೇ, "ಸರಿಯಾದ್ಲು ಮಗಾ, ಆದ್ರೆ ಸರಿಯಾಗಿದಾಳೆ ಅಂತ ಹೇಳೋರು ಯಾರೂ ಇರ್ಲಿಲ್ಲ."

ನಿಮಿತ್ತ, ತಾಯತ ಅಂದ್ರೆ ಈಗಿನ ಹುಡುಗ್ರು ಮೂಗು ಮುರೀತಾರೆ. ನಾನು ಜಗಳಕ್ಕೆ ಹೋಗಲ್ಲ. ಚೌಡಿ ಕಾಟ ಅಂದ್ರೆ ಕನಿಷ್ಠ ತಪ್ಪು ಆ ಹೆಂಗಸಿನದಲ್ಲ ಅಂತಾದ್ರೂ ಆಗ್ತಿತ್ತು. ದುಡ್ಡು ಕೀಳೋರು ಇದಾರೆ, ಹೊಡೆಯೋರೂ ಇದಾರೆ, ಅಂಥವರ ವಿಷಯದಲ್ಲಿ ನಾನು ಸುಮ್ನಿರಲ್ಲ. ಆದ್ರೆ ನನಗೆ ಗೊತ್ತಿರೋ ಒಬ್ಬ ಭಟ್ರು ಪ್ರಸಾದ ಕೊಟ್ಟು "ಇದು ಒಂದು ಕಡೆ, ಮಂಗಳವಾರ ತಾಲೂಕು ಆಸ್ಪತ್ರೇಲಿ ಮನಸ್ಸಿನ ಡಾಕ್ಟ್ರು ಬರ್ತಾರೆ, ಅದು ಇನ್ನೊಂದು ಕಡೆ" ಅಂತ ಕಳಿಸ್ತಾರೆ. ಮಂಗಳವಾರ ತಾಲೂಕು ಆಸ್ಪತ್ರೆಗೆ ಮನಸ್ಸಿನ ಡಾಕ್ಟ್ರನ್ನ ಕಳಿಸೋ ಸರ್ಕಾರದ ಮನೋಚೈತನ್ಯ ಕಾರ್ಯಕ್ರಮ ಬಂದ ಮೇಲೆ ನಮಗೆ ಬಂದ ಎಷ್ಟೋ ಹೊಸ ಪೇಶೆಂಟುಗಳು ಇಂಥವರು ಕಳಿಸಿದ್ದು.

ಈಗ ಪಹಣಿ ವಿಷಯ, ಇದನ್ನ ಯಾವ ಸೈಕಿಯಾಟ್ರಿ ಪುಸ್ತಕದಲ್ಲೂ ಹೇಳಿಕೊಡಲ್ಲ. ಯಾರನ್ನ ಹುಚ್ಚು ಅಂತ ಕರೆದ್ರು ಅನ್ನೋದರ ಜೊತೆಗೆ ಯಾವಾಗ ಕರೆದ್ರು ಅಂತ ಕೇಳಿ. ನನ್ನ ನೋಟ್‌ಬುಕ್ಕಲ್ಲಿ ಸುಮಾರು ಮನೆಗಳಲ್ಲಿ ಅದು ಹಿಸ್ಸೆ ಆಗೋ ಹೊತ್ತು. ವಿಧವೆ ಅತ್ತೆ ಪಾಲು ಕೇಳಿದ್ಲು, ಮದುವೆ ಆಗದ ತಮ್ಮ ಸಹಿ ಹಾಕಲ್ಲ ಅಂದ, ಅಲ್ಲಿಂದ ಶುರು, ತಲೆ ನೆಟ್ಟಗಿಲ್ಲ ಅಂತ. ಕೆಲವರಿಗೆ ನಿಜವಾಗ್ಲೂ ಕಾಯಿಲೆ ಇತ್ತು, ವರ್ಷಗಟ್ಟಲೆ ಯಾರೂ ತಲೆ ಕೆಡಿಸ್ಕೊಂಡಿರಲಿಲ್ಲ, ಪಾಲಿನ ಹೊತ್ತಿಗೆ ಎಲ್ಲರಿಗೂ ನೆನಪಾಯ್ತು. ಗೇಣಿ ಡಿಕ್ಲರೇಶನ್ ಕಾಲದಲ್ಲೂ ಹಂಗೇ, ಒಕ್ಕಲು ಮನೆಯ ಹಿರಿಯನಿಗೆ ಬುದ್ಧಿ ಸ್ಥಿಮಿತ ಇಲ್ಲ ಅಂತ ಜಮೀನಿನ ಒಡೆಯರ ಕಡೆಯವರು ಹಬ್ಬಿಸಿದ್ದು ಕೇಳಿದೀನಿ. ಅದಕ್ಕೆ ಈಗ ಹೊಸ ಕೇಸ್ ಬಂದ್ರೆ ಹಿಸ್ಟರಿ ತಗೊಳ್ಳುವಾಗ ಜಮೀನು ಯಾರ ಹೆಸರಲ್ಲಿದೆ ಅಂತ ಕೇಳೇ ಕೇಳ್ತೀನಿ, ಆಗಿದ್ರೆ ಪಹಣಿ ಕಾಪಿ ತೆಗೆಸಿ ನೋಡ್ತೀನಿ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 3ನೇ ಸೆಕ್ಷನ್‌ನಲ್ಲಿ ಸ್ಪಷ್ಟವಾಗಿದೆ, ಮಾನಸಿಕ ಕಾಯಿಲೆ ಇದೆ ಅಂದ ಮಾತ್ರಕ್ಕೆ ಬುದ್ಧಿ ಸ್ವಾಧೀನ ಇಲ್ಲ ಅಂತ ಅಲ್ಲ, ಅದನ್ನ ಕೋರ್ಟ್ ಹೇಳಬೇಕು. ಈ ಸಾಲನ್ನ ಕನ್ನಡದಲ್ಲಿ ಟೈಪ್ ಮಾಡಿಸಿ ಬ್ಯಾಗಲ್ಲಿ ಇಟ್ಕೊಂಡಿದೀನಿ, "ಡಾಕ್ಟ್ರು ಚೀಟಿ ಇದೆಯಲ್ಲ, ಇವನ ಸಹಿ ಬೇಡ" ಅನ್ನೋ ಅಣ್ಣಂದಿರಿಗೆ ತೋರಿಸೋಕೆ.

ಕೊಟ್ಟಿಗೇಲಿ ಮಲಗೋ ಗಂಡಸರದು ಇನ್ನೊಂದು ಥರ. ಅವರನ್ನ ಯಾರೂ ಕಟ್ಟಿ ಹಾಕಿರಲ್ಲ, ಬೆಳಗ್ಗೆಯಿಂದ ಸಂಜೆವರೆಗೂ ಸೌದೆ ಸೀಳೋದು, ಸೊಪ್ಪು ತರೋದು, ಗೊಬ್ಬರ ಹೊರೋದು. ಕೂಲಿ ಇಲ್ಲ. ಔಷಧಿ ಶುರು ಮಾಡೋಣ ಅಂದ್ರೆ ಮನೆಯವರಿಗೆ ಭಯ, "ಮಾತ್ರೆ ತಗೊಂಡ್ರೆ ಮಲಗಿಬಿಡ್ತಾನೆ ಮೇಡಂ, ಕೆಲಸ?" ಅಂತಾರೆ. ಅಲ್ಲಿ ನಾನು ಡಾಕ್ಟ್ರಿಗೆ ಮೊದಲೇ ಹೇಳಿ ಕಡಿಮೆ ಡೋಸಿಂದ, ರಾತ್ರಿಗೆ ಮಾತ್ರ ಕೊಡೋ ಹಾಗೆ ಮಾಡಿಸಿ, ಸರಿಹೋದ ಮೇಲೆ ಕೂಲಿ ಮಾತು ಎತ್ತೋದು. ಆಗ ಕೆಲವು ಮನೆಯಲ್ಲಿ ನನ್ನ ಮೇಲೆ ಸಿಟ್ಟಾಗಿದಾರೆ, ಆಗ್ಲಿ.

ಸಂಕೋಲೆ ವಿಷಯಕ್ಕೆ ಬಂದ್ರೆ, 2001ರ ಆಗಸ್ಟ್ 6ರಂದು ತಮಿಳುನಾಡಿನ ಏರ್ವಾಡಿಯಲ್ಲಿ ಮಾನಸಿಕ ಕಾಯಿಲೆಯವರನ್ನ ಇಟ್ಟಿದ್ದ ಜಾಗಕ್ಕೆ ಬೆಂಕಿ ಬಿದ್ದು, ಸರಪಳಿಯಲ್ಲಿದ್ದ 28 ಜನ ಸತ್ತಿದ್ದು ಎಲ್ಲರಿಗೂ ಗೊತ್ತಿರಬೇಕು, ಅದೂ ಸಮುದ್ರದ ದಂಡೆ ಜಿಲ್ಲೆಯೇ. ಈಗಿನ ಕಾಯ್ದೆಯ 95ನೇ ಸೆಕ್ಷನ್ ಸಂಕೋಲೆ ಹಾಕೋದನ್ನ ನಿಷೇಧ ಮಾಡಿದೆ, ಅದೇ ಸೆಕ್ಷನ್‌ನಲ್ಲಿ ಚಿಕಿತ್ಸೆ ಅಂತ ಹೇಳಿ ಸಂತಾನಹರಣ ಮಾಡೋದನ್ನೂ. ಮನೆಯಲ್ಲಿ ಹಿಂಸೆ ಆಗ್ತಿದೆ ಅಂತ ಗೊತ್ತಾದ್ರೆ ಪೊಲೀಸರು ಮ್ಯಾಜಿಸ್ಟ್ರೇಟ್‌ಗೆ ವರದಿ ಮಾಡಬೇಕು ಅಂತ 101ನೇ ಸೆಕ್ಷನ್. ಆದ್ರೆ ಕಾಯ್ದೆ ಹಿಡ್ಕೊಂಡು ಅಂಗಳಕ್ಕೆ ಇಳಿದ್ರೆ ಕೆಲಸ ಕೆಡುತ್ತೆ. ಒಬ್ಬರು ತಾಯಿ, ಗಂಡ ಇಲ್ಲ, ತೋಟದ ಕೂಲಿಗೆ ಹೋಗ್ತಾರೆ, ಮಗನ್ನ ಕಂಬಕ್ಕೆ ಹಗ್ಗದಲ್ಲಿ ಕಟ್ಟಿ ಹೋಗ್ತಿದ್ರು. ಮನೆ ಹಿಂದೆ ಕಟ್ಟೆ ಇಲ್ಲದ ಬಾವಿ, ಮುಂದೆ ಲಾರಿ ಓಡೋ ರೋಡು. "ಕಟ್ಟದೆ ಎಂತ ಮಾಡ್ಲಿ ಅಮ್ಮಾ, ನಾನು ಕೂತ್ರೆ ಗಂಜಿ ಯಾರು ಕೊಡ್ತಾರೆ" ಅಂದ್ರು. ಅಲ್ಲಿ ಪೊಲೀಸ್ ಏನ್ ಮಾಡ್ತಾರೆ? ಮೊದಲು ಪಂಚಾಯಿತಿ ಹಿಂದೆ ಬಿದ್ದು ಬಾವಿಗೆ ಕಟ್ಟೆ ಕಟ್ಟಿಸಿದ್ವಿ, ತಿಂಗಳಿಗೊಂದು ಡಿಪೋ ಇಂಜೆಕ್ಷನ್ (ದಿನಾ ಮಾತ್ರೆ ಬದಲು ವಾರಗಟ್ಟಲೆ ಕೆಲಸ ಮಾಡೋ ಸೂಜಿ) ಹತ್ತಿರದ ಆರೋಗ್ಯ ಕೇಂದ್ರದ ಸಿಸ್ಟರ್ ಕೈಲಿ ಕೊಡಿಸೋ ವ್ಯವಸ್ಥೆ ಆಯ್ತು, ಯುಡಿಐಡಿ ಕಾರ್ಡ್ (ಅಂಗವಿಕಲರ ಗುರುತಿನ ಚೀಟಿ) ಮಾಡಿಸಿ ಪಿಂಚಣಿಗೆ ಅರ್ಜಿ ಹಾಕಿದ್ವಿ. ಹಗ್ಗ ಬಿಚ್ಚಿ ಅಂತ ನಾನು ಒಂದು ಸಲವೂ ಹೇಳಲಿಲ್ಲ, ಅವರೇ ಬಿಚ್ಚಿದ್ರು. ಹೊಡೆದು ಬಡಿದು ಕೂಡಿಹಾಕಿದ ಮನೆಯಾಗಿದ್ರೆ ನನ್ನ ದಾರಿ ಬೇರೆ ಇರ್ತಿತ್ತು, 101 ಇರೋದೇ ಅದಕ್ಕೆ. ಯಾವುದು ಯಾವ ಮನೆ ಅಂತ ಗೊತ್ತಾಗೋದು ಆ ನಕ್ಷೆ ಬಿಡಿಸಿದ್ರೇನೇ.

ಔಷಧಿ ಕೆಲಸ ಮಾಡುತ್ತಾ ಅಂತ ಕೇಳೋರಿಗೆ, ತೀರ್ಥಹಳ್ಳಿ ತಾಲೂಕಲ್ಲೇ ನಿಮ್ಹಾನ್ಸ್‌ನವರು 2005ರಿಂದ ಸ್ಕಿಜೋಫ್ರೇನಿಯ ಇರೋರನ್ನ ಹಳ್ಳಿಹಳ್ಳಿಯಲ್ಲಿ ಗುರುತಿಸಿ ವರ್ಷಗಟ್ಟಲೆ ಹಿಂಬಾಲಿಸಿದಾರೆ, ಚಿಕಿತ್ಸೆ ಸಿಕ್ಕವರ ದಿನನಿತ್ಯದ ಬದುಕು ಸಿಗದವರಿಗಿಂತ ಚೆನ್ನಾಗಿ ಸುಧಾರಿಸಿದ್ದು ಅದ್ರಲ್ಲಿ ಕಾಣುತ್ತೆ. ಅರ್ಜೆಂಟ್ ಇದ್ರೆ 14416ಕ್ಕೆ ಫೋನ್ ಮಾಡಿ, ಅದು ಟೆಲಿ ಮನಸ್ ಅನ್ನೋ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ, ಕನ್ನಡದಲ್ಲೇ ಮಾತಾಡ್ತಾರೆ.

ನೋಟ್‌ಬುಕ್ ಕೊಡಿ, ಪೇಪರ್ ಮಾಡೋಣ ಅಂತ ಕಾಲೇಜಿನವರು ಕೇಳಿದಾರೆ. ಕೊಟ್ಟಿಲ್ಲ. ಹೆಸರು ನಾನು ಮೊದಲಿಂದಲೇ ಬರೆದಿಲ್ಲ, ಆದ್ರೆ ಮಲೆನಾಡಲ್ಲಿ ಮನೆ ನಕ್ಷೆ ನೋಡಿದ್ರೆ ಸಾಕು ಯಾರ ಮನೆ ಅಂತ ಸುತ್ತಲಿನ ಊರಿಗೆಲ್ಲ ಗೊತ್ತಾಗುತ್ತೆ, ಆ ಮನೆಯ ಹುಡುಗಿಗೆ ಈಗ ಗಂಡು ನೋಡ್ತಿರ್ತಾರೆ. ಮೇಲೆ ಬರೆದ ಕತೆಗಳಲ್ಲೂ ಗುರುತು ಸಿಗೋ ವಿವರ ಬದಲಾಯಿಸಿದೀನಿ. ಇನ್ನು ಹೊನ್ನಾವರ, ಕುಮಟಾ, ಕುಂದಾಪುರ ಕಡೆಯವರು ಯಾರಾದ್ರೂ ಇದೇ ಕೆಲಸ ಮಾಡೋದಿದ್ರೆ ನಿಮ್ಮಲ್ಲಿ ಗುರುತಿನ ವರ್ಷಗಳು ಬೇರೆ, ಸರ್ಕಾರ ಬೇರೆ ಇತ್ತು, ಮನೆ ಕಟ್ಟೋ ರೀತಿನೂ ಬೇರೆ, ನನ್ನ ಪ್ರಶ್ನೆ ಪಟ್ಟಿ ಹಾಗೇ ಎತ್ತಿಕೊಳ್ಳಬೇಡಿ. ಎಂಬತ್ತು ದಾಟಿದ ಅಜ್ಜಿಯಂದಿರ ಹತ್ರ ಮೊದಲು ಹೋಗಿ, ಕಾಗದ ಪತ್ರ ಆಮೇಲೆ ನೋಡ್ಕೊಬಹುದು.